ದತ್ತಣ್ಣನವರನ್ನು ‘ಪೋಷಕ ನಟ’ ಎಂದು ಕರೆದರೆ ಸಾಕೇ?

ಹಿಂದಿನ ಸಾಲು:

ಕನ್ನಡದಲ್ಲಿ ‘ಪೋಷಕರು’ ಎಂದರೆ ಮಕ್ಕಳ ತಂದೆತಾಯಿ ಎಂಬ ಅರ್ಥವೂ ಇದೆ; ಶಾಲೆಯ ಸಭೆಗೆ ಕರೆಯುವ ಚೀಟಿಯಲ್ಲಿ ಅಚ್ಚಾಗುವ ಮಾತು ಅದು. ಅದನ್ನೇ ನಟನ ಹಿಂದೆ ಜೋಡಿಸಿ ‘ಪೋಷಕ ನಟ’ ಎಂದು ಹೆಸರಿಟ್ಟವರಿಗೆ ಮುಂದೇನಾಗುತ್ತದೆ ಎಂಬುದು ಮೊದಲೇ ಗೊತ್ತಿತ್ತೇನೋ, ನಮ್ಮ ಪೋಷಕ ನಟರಲ್ಲಿ ಬಹುಪಾಲು ಜನ ಜೀವಮಾನವಿಡೀ ಯಾರದೋ ತಂದೆಯಾಗಿಯೇ ದುಡಿದರು. ನಾಯಕಿಯ ಮದುವೆಗೆ ಒಪ್ಪದ ತಂದೆ, ಕೊನೆಯ ರೀಲಿನಲ್ಲಿ ಒಪ್ಪುವ ತಂದೆ, ನಡುವೆ ಎದೆ ಹಿಡಿದುಕೊಂಡು ಕುಸಿಯುವ ತಂದೆ.

ಈ ಚರ್ಚೆಯನ್ನು ಆರಂಭಿಸಲು ಕಾರಣ ಎಚ್.ಜಿ. ದತ್ತಾತ್ರೇಯ, ಅಂದರೆ ನಮ್ಮೆಲ್ಲರ ದತ್ತಣ್ಣ. ಕಳೆದ ವಾರ ‘ಭಾರತ್ ಸ್ಟೋರ್ಸ್’ ಮತ್ತು ‘ನೀರ್ ದೋಸೆ’ ಚಿತ್ರಗಳನ್ನು ಒಂದರ ಹಿಂದೆ ಒಂದರಂತೆ ನೋಡಿದೆ. 2012ರ ಚಿತ್ರದ ಆ ದಿನಸಿ ಅಂಗಡಿಯ ಶೆಟ್ಟರು ಮತ್ತು 2016ರ ಚಿತ್ರದ ಆ ತುಂಟ ಮುದುಕ ಇಬ್ಬರೂ ಒಂದೇ ದೇಹದಿಂದ ಹುಟ್ಟಿದವರು ಎಂಬುದನ್ನು ಒಪ್ಪಿಕೊಳ್ಳಲು ನನಗೆ ಸ್ವಲ್ಪ ಹೊತ್ತು ಬೇಕಾಯಿತು. ವೇಷ ಬದಲಾಯಿಸಿ ಬೇರೆಯವರಾಗಿ ಕಾಣುವುದು ದೊಡ್ಡ ಮಾತಲ್ಲ. ದತ್ತಣ್ಣ ಮೀಸೆ, ವಿಗ್ಗು, ಕನ್ನಡಕಗಳ ನೆರವನ್ನು ಅಷ್ಟಾಗಿ ಪಡೆಯುವವರಲ್ಲ; ಆದರೂ ಬೇರೆಯವರಾಗುತ್ತಾರೆ. ಇಂತಹ ನಟನ ವೃತ್ತಿಜೀವನವನ್ನು ನಾವು ಯಾವ ಅಳತೆಗೋಲಿನಿಂದ ಅಳೆಯಬೇಕು? ಬಲ್ಲವರು ದಯವಿಟ್ಟು ಬರೆಯಬೇಕು.

ಕೋಟೆಬೀದಿ:

ಅಳೆಯುವ ಮೊದಲು ಅವರು ಎಲ್ಲಿಂದ ಬಂದರು ಎಂಬುದನ್ನು ನೋಡುವುದು ಒಳ್ಳೆಯದು. 1942ರಲ್ಲಿ ಚಿತ್ರದುರ್ಗದಲ್ಲಿ ಹುಟ್ಟಿದವರು, ಎಂಜಿನಿಯರಿಂಗ್ ಓದಿದವರು, ಭಾರತೀಯ ವಾಯುಪಡೆಯಲ್ಲಿ ಎರಡು ದಶಕಗಳಷ್ಟು ಸೇವೆ ಸಲ್ಲಿಸಿ ವಿಂಗ್ ಕಮಾಂಡರ್ ಹುದ್ದೆಯಲ್ಲಿ ನಿವೃತ್ತರಾದವರು, ಆಮೇಲೆ ಬೆಂಗಳೂರಿನ ಎಚ್‌ಎಎಲ್‌ನಲ್ಲಿ ದುಡಿದವರು. ನಾಟಕದ ಗೀಳು ಎಳೆಯ ವಯಸ್ಸಿನಿಂದಲೇ ಇತ್ತಾದರೂ ಸಿನಿಮಾ ಕ್ಯಾಮೆರಾದ ಮುಂದೆ ಅವರು ನಿಂತದ್ದು ನಲವತ್ತೈದರ ಆಸುಪಾಸಿನಲ್ಲಿ. ನಾಗಾಭರಣ ಅವರ ‘ಆಸ್ಫೋಟ’ 1988ರದು. ಅಷ್ಟರಲ್ಲಿ ಬೇರೆ ನಟರು ತಮ್ಮ ಎರಡನೆಯ ಇನ್ನಿಂಗ್ಸ್ ಬಗ್ಗೆ ಯೋಚಿಸುತ್ತಿರುತ್ತಾರೆ.

ಇದರ ಪರಿಣಾಮವನ್ನು ಗಮನಿಸಿ. ದತ್ತಣ್ಣನವರ ತರುಣ ಮುಖ ಕನ್ನಡ ಪ್ರೇಕ್ಷಕರ ನೆನಪಿನಲ್ಲೇ ಇಲ್ಲ. ನಾಯಕನಾಗಿ ಸೋತು ಪೋಷಕ ಪಾತ್ರಕ್ಕೆ ಇಳಿದವರು ಎಂಬ ಮಾತಿಗೆ ಅವರ ವಿಷಯದಲ್ಲಿ ಆಸ್ಪದವಿಲ್ಲ. ನಲವತ್ತು ದಾಟಿದ, ತಲೆಗೂದಲು ತೆಳುವಾದ, ಸಂಬಳ ಎಣಿಸಿ ಗೊತ್ತಿರುವ, ಕಚೇರಿಯ ಮೇಜಿನ ಎರಡೂ ಬದಿಯಲ್ಲಿ ಕುಳಿತು ಗೊತ್ತಿರುವ ಮನುಷ್ಯನಾಗಿಯೇ ಅವರು ನಮ್ಮೆದುರು ಮೊದಲು ಬಂದರು. ರಂಗಭೂಮಿ ನಟನೆಯನ್ನು ಕಲಿಸಬಹುದು. ಕಡತದ ಮೇಲೆ ಸಹಿ ಹಾಕುವ ಮುನ್ನ ಪೆನ್ನಿನ ಮುಚ್ಚಳವನ್ನು ಎಲ್ಲಿ ಇಡಬೇಕು ಎಂಬುದನ್ನು ನೌಕರಿಯೇ ಕಲಿಸಬೇಕು.

ನಮ್ಮೂರಿನ ಅಭಿಮಾನ ಎಂದುಕೊಂಡರೂ ಚಿಂತೆಯಿಲ್ಲ, ಇನ್ನೊಂದು ಮಾತು ಸೇರಿಸುತ್ತೇನೆ. ಚಿತ್ರದುರ್ಗವೆಂದರೆ ಸಿನಿಮಾ ಪ್ರೇಕ್ಷಕರಿಗೆ ಇಂದಿಗೂ ‘ನಾಗರಹಾವು’, ಅಂದರೆ ಕೆ.ಎಸ್. ಅಶ್ವಥ್ ಅವರ ಚಾಮಯ್ಯ ಮೇಷ್ಟ್ರು. ಕೋಟೆ ನೋಡಲು ಬಂದವರಲ್ಲಿ ಮೇಷ್ಟ್ರನ್ನು ನೆನೆಯದೆ ಹೋಗುವವರು ಕಡಿಮೆ. ಅದೇ ಊರಿನವರೇ ಆದ ದತ್ತಣ್ಣನವರ ಹೆಸರನ್ನು ಮಾತ್ರ ನಾವೇ ಮುಂದಾಗಿ ಹೇಳಬೇಕಾಗುತ್ತದೆ.

ರೀಲುಡಬ್ಬಿ:

ಅಶ್ವಥ್ ಅವರ ಹೆಸರು ಬಂದದ್ದರಿಂದ ನನ್ನ ತಕರಾರನ್ನು ಇಲ್ಲಿಯೇ ದಾಖಲಿಸುತ್ತೇನೆ. ದತ್ತಣ್ಣನವರ ಬಗ್ಗೆ ನನಗೆ ಗೌರವ ಕಡಿಮೆಯಿಲ್ಲ. ಆದರೆ ಅವರ ಆಯ್ಕೆಯ ಸ್ವಾತಂತ್ರ್ಯವನ್ನು ನಾವು ಅವರ ನಟನೆಯ ಗುಣವೆಂದು ಎಣಿಸಬಾರದು. ಒಂದು ಉದ್ಯೋಗವನ್ನು ಪೂರ್ತಿ ಮುಗಿಸಿಕೊಂಡು ಬಂದವರಿಗೆ ‘ಈ ಪಾತ್ರ ಬೇಡ’ ಎನ್ನುವುದು ಸುಲಭ. ಕಾಲ್‌ಶೀಟ್ ಕೊಟ್ಟರೆ ಮಾತ್ರ ಮನೆ ನಡೆಯುತ್ತದೆ ಎಂಬಂತಿದ್ದವರ ಪಾಡು ಬೇರೆ.

ಅಶ್ವಥ್ 1955ರಲ್ಲಿ ‘ಸ್ತ್ರೀರತ್ನ’ ಚಿತ್ರದ ನಾಯಕನಾಗಿ ಬಂದವರು. ನಾಯಕಪಟ್ಟ ಹೆಚ್ಚು ಕಾಲ ಉಳಿಯಲಿಲ್ಲ. ಅವರು ಹುಟ್ಟಿದ್ದು 1925ರ ಮಾರ್ಚ್‌ನಲ್ಲಿ, ರಾಜ್‌ಕುಮಾರ್ ಹುಟ್ಟಿದ್ದು 1929ರ ಏಪ್ರಿಲ್‌ನಲ್ಲಿ. ವಯಸ್ಸಿನ ಅಂತರ ನಾಲ್ಕೇ ವರ್ಷ. ಆದರೂ ತೆರೆಯ ಮೇಲೆ ಅವರು ರಾಜ್‌ಕುಮಾರ್ ಅವರಿಗೆ ಒಂದು ತಲೆಮಾರಿನಷ್ಟು ಹಿರಿಯರಾಗಿ ಮತ್ತೆ ಮತ್ತೆ ನಿಂತರು, ಮತ್ತು ಆ ಸುಳ್ಳು ವಯಸ್ಸನ್ನು ನಾವು ಯಾರೂ ಎಂದೂ ಪ್ರಶ್ನಿಸಲಿಲ್ಲ. ಮುನ್ನೂರಕ್ಕೂ ಹೆಚ್ಚು ಚಿತ್ರಗಳು. ಅವುಗಳಲ್ಲಿ ಬಹಳಷ್ಟರಲ್ಲಿ ಅವರಿಗೆ ಸಿಕ್ಕಿದ್ದು ಮೂರು ದೃಶ್ಯ, ಒಂದು ಕೆಮ್ಮು, ಒಂದು ಆಶೀರ್ವಾದ. ಅಷ್ಟೇ ಹಿಟ್ಟಿನಲ್ಲಿ ರೊಟ್ಟಿ ತಟ್ಟಿದವರು ಅವರು.

ಲೋಕನಾಥ್ ಅವರನ್ನು ತೆಗೆದುಕೊಳ್ಳಿ. ‘ಸಂಸ್ಕಾರ’ದಿಂದ ಹಿಡಿದು 2018ರ ಕೊನೆಯ ದಿನ ತೀರಿಕೊಳ್ಳುವವರೆಗೆ ಆರುನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದವರನ್ನು ನಾಡು ನೆನಪಿಟ್ಟುಕೊಂಡಿದ್ದು 1974ರ ‘ಭೂತಯ್ಯನ ಮಗ ಅಯ್ಯು’ ಚಿತ್ರದ ಒಂದು ಉಪ್ಪಿನಕಾಯಿಯಿಂದ. ಬಾಯಲ್ಲಿ ನೀರೂರಿಸುವ ಆ ಕೆಲವು ಕ್ಷಣಗಳು ಅವರ ಹೆಸರಿನ ಹಿಂದೆಯೇ ಅಂಟಿಕೊಂಡು ‘ಉಪ್ಪಿನಕಾಯಿ ಲೋಕನಾಥ್’ ಎಂದಾಯಿತು. ಆರುನೂರು ಚಿತ್ರಗಳ ದುಡಿಮೆಯನ್ನು ಒಂದು ಭರಣಿಯೊಳಗೆ ಹಾಕಿಟ್ಟ ನಮಗೆ ಇನ್ನೊಬ್ಬರ ಬಹುಮುಖತೆಯನ್ನು ಅಳೆಯುವ ಯೋಗ್ಯತೆ ಇದೆಯೇ ಎಂದು ನನಗೆ ಕೆಲವೊಮ್ಮೆ ಅನಿಸುತ್ತದೆ.

ಕಾಲ್‌ಶೀಟ್:

ನಾನು ಹಲವು ವರ್ಷ ದಿನವಹಿ ಧಾರಾವಾಹಿಗಳಲ್ಲಿ ಸಹಾಯಕ ನಿರ್ದೇಶಕನಾಗಿ ಕೆಲಸ ಮಾಡಿದವನು. ದತ್ತಣ್ಣನವರ ಜೊತೆ ಕೆಲಸ ಮಾಡುವ ಭಾಗ್ಯ ಸಿಗಲಿಲ್ಲ. ಆದರೆ ಕಿರುತೆರೆಯಲ್ಲಿ ಪೋಷಕ ನಟರು ಏನನ್ನು ಹೊರುತ್ತಾರೆ ಎಂಬುದನ್ನು ಹತ್ತಿರದಿಂದ ಕಂಡಿದ್ದೇನೆ, ಆದ್ದರಿಂದ ಸ್ವಲ್ಪ ವಿವರವಾಗಿ ಬರೆಯುತ್ತೇನೆ.

ದಿನವಹಿ ಧಾರಾವಾಹಿಯ ಸೆಟ್ಟಿನಲ್ಲಿ ದಿನಕ್ಕೆ ಒಂದು ಕಂತಾದರೂ ಮುಗಿಯಬೇಕು, ಒಮ್ಮೊಮ್ಮೆ ಒಂದೂವರೆ. ಸಂಭಾಷಣೆಯ ಹಾಳೆ ಬೆಳಿಗ್ಗೆ ಕೈಗೆ ಬರುತ್ತದೆ, ಕೆಲವು ದಿನ ಶಾಟಿಗೆ ಹತ್ತು ನಿಮಿಷ ಇರುವಾಗ ಬರುತ್ತದೆ. ಕ್ಯಾಮೆರಾದ ಪಕ್ಕದಲ್ಲಿ ನಿಂತು ನಾನು ಒಂದೊಂದೇ ಸಾಲನ್ನು ಗಟ್ಟಿಯಾಗಿ ಓದುತ್ತಿದ್ದೆ, ನಟರು ಅದನ್ನು ಕೇಳಿಸಿಕೊಂಡು ಹೇಳುತ್ತಿದ್ದರು, ಧ್ವನಿ ಆಮೇಲೆ ಡಬ್ಬಿಂಗ್‌ನಲ್ಲಿ ಸೇರುತ್ತಿತ್ತು. ಇದನ್ನೇ ಪ್ರಾಂಪ್ಟಿಂಗ್ ಎನ್ನುವುದು. ಇದಕ್ಕೆ ಒಗ್ಗಿಹೋದ ನಟರ ಕಣ್ಣಿನಲ್ಲಿ ಒಂದು ತೆರನಾದ ಕಾಯುವಿಕೆ ಕಾಣುತ್ತದೆ. ಎದುರಿಗಿರುವವರ ಮಾತಿಗಲ್ಲ, ನನ್ನ ಮಾತಿಗೆ ಅವರು ಕಾಯುತ್ತಿರುತ್ತಾರೆ. ನೋಡುವವರು ಅದನ್ನು ಭಾವನೆ ಎಂದುಕೊಳ್ಳುತ್ತಾರೆ.

ನಮ್ಮ ಸೆಟ್ಟಿನಲ್ಲಿ ಅಜ್ಜನ ಪಾತ್ರ ಮಾಡುತ್ತಿದ್ದ ಹಿರಿಯರೊಬ್ಬರಿದ್ದರು. ಹವ್ಯಾಸಿ ರಂಗಭೂಮಿಯಿಂದ ಬಂದವರು. ಒಂದು ದೃಶ್ಯದಲ್ಲಿ ಮಗನ ಜೊತೆ ಮಾತನಾಡುತ್ತಾ ಕಾಫಿ ಕುಡಿಯಬೇಕಿತ್ತು. ಲೋಟ ಖಾಲಿ; ಕಲಾ ವಿಭಾಗದವರಿಗೆ ಕಾಫಿ ತರಿಸಲು ಪುರಸೊತ್ತಿರಲಿಲ್ಲ. ಅವರು ಹೆಗಲ ಮೇಲಿನ ವಸ್ತ್ರದ ತುದಿಯನ್ನು ಮಡಿಸಿ ಆ ಖಾಲಿ ಲೋಟವನ್ನು ಹಿಡಿದರು, ಬಿಸಿ ತಾಕಿದವರಂತೆ ಬೆರಳುಗಳನ್ನು ಅಂಚಿನತ್ತ ಸರಿಸಿದರು, ಒಂದು ಗುಟುಕಿನ ನಂತರ ತುಟಿಯನ್ನು ಒಳಗೆ ಎಳೆದುಕೊಂಡರು. ಇದು ಇಡೀ ದೃಶ್ಯವನ್ನು ಒಟ್ಟಾಗಿ ಹಿಡಿಯುವ ಮಾಸ್ಟರ್ ಶಾಟ್. ಆಮೇಲೆ ನಾಯಕಿಯ ಬೇರೆ ದೃಶ್ಯವೊಂದು ಅವಸರಕ್ಕೆ ಬಂದು, ಇವರ ಕ್ಲೋಸಪ್ ತೆಗೆಯುವಾಗ ಊಟದ ಸಮಯ ಕಳೆದಿತ್ತು. ಕಂಟಿನ್ಯುಟಿ, ಅಂದರೆ ಯಾವ ಮಾತಿಗೆ ಕೈ ಎಲ್ಲಿತ್ತು ಎಂಬ ಲೆಕ್ಕ, ಬರೆದಿಟ್ಟುಕೊಳ್ಳಬೇಕಾಗಿದ್ದವನು ನಾನು, ಬರೆದಿರಲಿಲ್ಲ. ಅವರು ನನ್ನನ್ನು ಏನೂ ಕೇಳಲಿಲ್ಲ. ಯಾವ ಪದಕ್ಕೆ ಲೋಟ ಎತ್ತಿದ್ದರೋ ಅದೇ ಪದಕ್ಕೆ ಎತ್ತಿದರು, ಅದೇ ಬೆರಳನ್ನು ಸರಿಸಿದರು. ಎಡಿಟಿಂಗ್ ಮೇಜಿನ ಮೇಲೆ ಎರಡು ಶಾಟುಗಳು ಒಂದೇ ಉಸಿರಿನಂತೆ ಕೂಡಿಕೊಂಡಾಗ ನನಗೆ ನಾಚಿಕೆಯೂ ಆಯಿತು, ಸಮಾಧಾನವೂ ಆಯಿತು.

ಆ ಹಿರಿಯರಿಗೆ ಮೂರು ತಿಂಗಳ ಸಂಭಾವನೆ ಬಾಕಿ ಉಳಿದಿತ್ತು. ಒಂದು ದಿನ ಕಥೆಯಲ್ಲಿ ಅಜ್ಜನನ್ನು ‘ತೀರ್ಥಯಾತ್ರೆಗೆ’ ಕಳುಹಿಸಲಾಯಿತು. ಅವರು ಮತ್ತೆ ಬರಲಿಲ್ಲ, ಕಥೆಯಲ್ಲಿ ಯಾರೂ ಕೇಳಲೂ ಇಲ್ಲ. ರೀಲುಡಬ್ಬಿಯವರು ಹೇಳಿದ ಆಯ್ಕೆಯ ಸ್ವಾತಂತ್ರ್ಯದ ಮಾತು ಎಷ್ಟು ನಿಜ ಎಂಬುದು ನನಗೆ ಆಗ ಅರ್ಥವಾಗಿತ್ತು.

ಹಿಂದಿನ ಸಾಲು:

ಕಾಲ್‌ಶೀಟ್ ಅವರೇ, ಆ ಖಾಲಿ ಲೋಟದ ಪ್ರಸಂಗಕ್ಕೆ ನಮಸ್ಕಾರ. ಕಿರುತೆರೆಯ ಮಾತು ಬಂದದ್ದರಿಂದ ದತ್ತಣ್ಣನವರ ವೃತ್ತಿಜೀವನದ ಒಂದು ಮುಖ್ಯ ತಿರುವನ್ನು ನೆನಪಿಸುತ್ತೇನೆ.

1998ರಲ್ಲಿ ದೂರದರ್ಶನದ ಚಂದನ ವಾಹಿನಿಯಲ್ಲಿ ‘ಮಾಯಾಮೃಗ’ ಪ್ರಸಾರವಾಯಿತು. ಟಿ.ಎನ್. ಸೀತಾರಾಮ್ ಅವರ ಜೊತೆ ಅದನ್ನು ನಿರ್ದೇಶಿಸಿದವರಲ್ಲಿ ಪಿ. ಶೇಷಾದ್ರಿಯವರೂ ಒಬ್ಬರು. ಅದರ ತಾರಾಗಣದಲ್ಲಿ ದತ್ತಣ್ಣ ಇದ್ದರು. ಆ ಧಾರಾವಾಹಿಯ ವಿಶೇಷವೆಂದರೆ, ಮಧ್ಯಮವರ್ಗದ ಮನೆಯ ಮಾತುಕತೆಗೆ ಅದು ಸಾಕಷ್ಟು ಸಮಯ ಕೊಟ್ಟಿತು. ಹಿನ್ನೆಲೆಯಲ್ಲಿ ಸಿಡಿಲಿನ ಸದ್ದು ಹಾಕಿ, ಒಂದೊಂದು ಮುಖದ ಮೇಲೆ ಮೂರು ಬಾರಿ ಕ್ಯಾಮೆರಾ ನುಗ್ಗಿಸುವ ಪದ್ಧತಿ ಆಗ ಇನ್ನೂ ಬಂದಿರಲಿಲ್ಲ. ಮಾತು ಮುಗಿದ ಮೇಲೂ ಮುಖವನ್ನು ಒಂದು ಕ್ಷಣ ನೋಡಲು ಬಿಡುತ್ತಿದ್ದರು. ಪೋಷಕ ನಟನಿಗೆ ಇದಕ್ಕಿಂತ ದೊಡ್ಡ ಉಡುಗೊರೆ ಇಲ್ಲ.

ಎರಡು ವರ್ಷಗಳ ನಂತರ ಶೇಷಾದ್ರಿಯವರು ತಮ್ಮ ಮೊದಲ ಚಲನಚಿತ್ರ ‘ಮುನ್ನುಡಿ’ಯನ್ನು ಮಾಡಿದರು. ಬೊಳುವಾರು ಮಹಮದ್ ಕುಂಞಿಯವರ ಕಥೆಯನ್ನು ಆಧರಿಸಿದ, ಕರಾವಳಿಯ ಮುಸ್ಲಿಂ ಸಮುದಾಯದ ಮದುವೆ ಮತ್ತು ತಲಾಕಿನ ಸುತ್ತ ಹೆಣೆದ ಚಿತ್ರ ಅದು. ಅದರ ಪಾತ್ರಕ್ಕಾಗಿ ದತ್ತಣ್ಣನವರಿಗೆ 48ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಪೋಷಕ ನಟ ಪ್ರಶಸ್ತಿ ಬಂದಿತು. ಆಮೇಲೆ ಅದೇ ನಿರ್ದೇಶಕರ ‘ಅತಿಥಿ’, ‘ಬೇರು’, ‘ಭಾರತ್ ಸ್ಟೋರ್ಸ್’ ಚಿತ್ರಗಳಲ್ಲೂ ಅವರಿದ್ದರು. ‘ಭಾರತ್ ಸ್ಟೋರ್ಸ್’ಗೆ 60ನೇ ರಾಷ್ಟ್ರೀಯ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಕನ್ನಡ ಚಿತ್ರದ ಗೌರವ ದೊರೆತಾಗ ದತ್ತಣ್ಣನವರ ನಟನೆಗೂ ವಿಶೇಷ ಉಲ್ಲೇಖ ಸಿಕ್ಕಿತು. ಕಿರುತೆರೆಯನ್ನು ಸಿನಿಮಾದಿಂದ ಜಾರಿದವರ ತಂಗುದಾಣ ಎಂದು ಹೀಗಳೆಯುವವರು ಈ ಸರಣಿಯನ್ನು ಒಮ್ಮೆ ನೋಡಬೇಕು. ಇಲ್ಲಿ ನಿರ್ದೇಶಕರೂ ನಟರೂ ಒಬ್ಬರನ್ನೊಬ್ಬರು ಅರಿತುಕೊಳ್ಳುವ ಅವಕಾಶ ಚಿಕ್ಕ ಪರದೆಯಲ್ಲೇ ಒದಗಿತ್ತು.

ತುಳಸಿಕಟ್ಟೆ:

ಎಲ್ಲರೂ ಒಂದೇ ರಾಗ ಹಾಡುತ್ತಿರುವಾಗ ಅಪಸ್ವರ ಎತ್ತುವುದಕ್ಕೆ ಕ್ಷಮೆ ಇರಲಿ. ದತ್ತಣ್ಣ ದೊಡ್ಡ ನಟರು ಎಂಬುದರಲ್ಲಿ ನನಗೆ ಸಂದೇಹವಿಲ್ಲ. ‘ಬಹುಮುಖ’ ಎಂಬ ವಿಶೇಷಣದ ಬಗ್ಗೆ ಸಂದೇಹವಿದೆ. ಅವರ ಧ್ವನಿ ಯಾವ ಚಿತ್ರದಲ್ಲಾದರೂ ಎರಡು ಅಕ್ಷರ ಕೇಳಿದರೆ ಗುರುತು ಸಿಗುತ್ತದೆ. ಓದಿದವರ ಉಚ್ಚಾರ, ಒಂದು ಬಗೆಯ ಶಿಸ್ತು, ವಾಕ್ಯದ ಕೊನೆಯನ್ನು ಪೂರ್ತಿಯಾಗಿ ಮುಗಿಸುವ ಅಭ್ಯಾಸ, ಇವು ಶೆಟ್ಟರಲ್ಲೂ ಇವೆ, ಭಟ್ಟರಲ್ಲೂ ಇವೆ. ಹಳ್ಳಿಯ ಜೀತಗಾರನಾಗಿ ಅಥವಾ ಸಂತೆಯ ದಲ್ಲಾಳಿಯಾಗಿ ಅವರನ್ನು ಊಹಿಸಿಕೊಳ್ಳಲು ನನಗೆ ಕಷ್ಟವಾಗುತ್ತದೆ. ಕರಿಬಸವಯ್ಯನವರು ಅಂತಹ ಪಾತ್ರಕ್ಕೆ ಕಾಲಿಟ್ಟರೆ ಮಣ್ಣಿನ ವಾಸನೆ ಬರುತ್ತಿತ್ತು.

ನನ್ನ ಪ್ರಶ್ನೆ ಇಷ್ಟೇ. ನಾವು ಬಹುಮುಖತೆ ಎನ್ನುತ್ತಿರುವುದು ಒಂದೇ ವರ್ಗದ ಒಳಗಿನ ಹಲವು ಛಾಯೆಗಳನ್ನೇ ಅಲ್ಲವೇ?

ರೀಲುಡಬ್ಬಿ:

ತುಳಸಿಕಟ್ಟೆಯವರ ಮಾತಿನಲ್ಲಿ ಅರ್ಧ ಸತ್ಯವಿದೆ, ಆದರೆ ಆ ಅರ್ಧವನ್ನು ಒಪ್ಪಿದ ಮೇಲೂ ನಾನು ಈಗ ದತ್ತಣ್ಣನವರ ಪಕ್ಷಕ್ಕೆ ಸರಿಯುತ್ತಿದ್ದೇನೆ. ಧ್ವನಿ ಒಂದೇ ಎಂಬುದು ನಿಜ. ಆದರೆ ಧ್ವನಿಯನ್ನು ಕಿತ್ತುಕೊಂಡರೂ ಅವರು ನಿಲ್ಲುತ್ತಾರೆಯೇ ಎಂದು ಪರೀಕ್ಷಿಸಬೇಕಾದರೆ ಬಿ.ಎಸ್. ಲಿಂಗದೇವರು ಅವರ 2003ರ ‘ಮೌನಿ’ ಇದೆ. ಅನಂತಮೂರ್ತಿಯವರ ಆ ಕಥೆಯಲ್ಲಿ ಸಾಲ, ಹಟ, ನೆರೆಹೊರೆಯ ಹಗೆ ಎಲ್ಲವೂ ಸೇರಿ ಒಬ್ಬ ಮನುಷ್ಯನ ಮಾತನ್ನೇ ಹೂತುಹಾಕುತ್ತವೆ. ಅನಂತನಾಗ್ ಅವರಂತಹ ನಟರ ಜೊತೆಗೆ ನಿಂತು, ಮಾತು ಹಿಂದೆ ಸರಿದಷ್ಟೂ ಮುಖವೇ ಭಾರ ಹೊರಬೇಕಾದ ಅಂತಹ ಕಥೆಯಲ್ಲಿ ದತ್ತಣ್ಣ ಎಲ್ಲಿಯೂ ಕುಗ್ಗುವುದಿಲ್ಲ.

ಇನ್ನು ವರ್ಗದ ಮಾತು. ವಿಜಯ ಪ್ರಸಾದ್ ಅವರ ‘ನೀರ್ ದೋಸೆ’ಯಲ್ಲಿ ಜಗ್ಗೇಶ್ ಅವರ ಮಾತಿನ ಓಘಕ್ಕೆ ಸಮನಾಗಿ ಓಡಬೇಕಿತ್ತು. ದ್ವಂದ್ವಾರ್ಥದ ಸಂಭಾಷಣೆಯನ್ನು ಹೇಳುವಾಗ ಬಹಳಷ್ಟು ನಟರು ಪ್ರೇಕ್ಷಕರತ್ತ ಕಣ್ಣು ಮಿಟುಕಿಸಿಬಿಡುತ್ತಾರೆ. ದತ್ತಣ್ಣ ಮಿಟುಕಿಸುವುದಿಲ್ಲ, ತುಳಸಿಕಟ್ಟೆಯವರು ದೂರುತ್ತಿರುವ ಅದೇ ಶಿಸ್ತಿನ ಉಚ್ಚಾರದಲ್ಲಿ, ಕಚೇರಿಯ ಪತ್ರ ಓದಿದಂತೆ ಹೇಳುತ್ತಾರೆ, ಅದಕ್ಕಾಗಿಯೇ ನಗು ಉಕ್ಕುತ್ತದೆ. ದೋಷವೆಂದು ಎಣಿಸಿದ್ದನ್ನೇ ಅವರು ಉಪಕರಣ ಮಾಡಿಕೊಂಡಿದ್ದಾರೆ.

ಪ್ರಶಸ್ತಿಯ ವಿಷಯದಲ್ಲಿ ಒಂದು ಅಡಿಮಾತು. ರಾಷ್ಟ್ರೀಯ ಪ್ರಶಸ್ತಿಗಳಲ್ಲಿ ಪೋಷಕ ನಟ ಎಂಬ ವಿಭಾಗ ಆರಂಭವಾದದ್ದೇ 1984ರ ಚಿತ್ರಗಳಿಂದ. 1972ರ ಚಾಮಯ್ಯ ಮೇಷ್ಟ್ರಿಗೆ ರಾಜ್ಯ ಪ್ರಶಸ್ತಿ ಬಂದಿತು. ದೆಹಲಿಯಲ್ಲಿ ಕೊಡಲು ಆ ಹೆಸರಿನ ಪ್ರಶಸ್ತಿಯೇ ಇರಲಿಲ್ಲ. ಅಂದು ಇಂತಹ ನಟರು ರಾಷ್ಟ್ರಮಟ್ಟದಲ್ಲಿ ಗುರುತಾಗಬೇಕಾದರೆ ಯಾರಾದರೂ ಅವರನ್ನು ಮುಖ್ಯ ಪಾತ್ರದಲ್ಲಿ ನಿಲ್ಲಿಸಬೇಕಿತ್ತು. ಎಂ.ವಿ. ವಾಸುದೇವರಾಯರ ವಿಷಯದಲ್ಲಿ ಆದದ್ದು ಅದೇ: ಕಂಪನಿ ನಾಟಕ, ಸಣ್ಣಪುಟ್ಟ ಪಾತ್ರ ಎಂದು ದಶಕಗಳನ್ನು ಕಳೆದವರು 1975ರ ‘ಚೋಮನ ದುಡಿ’ಯಲ್ಲಿ ಚೋಮನಾಗಿ ಅತ್ಯುತ್ತಮ ನಟ ಪ್ರಶಸ್ತಿ ಪಡೆದರು. ಹಾಗಾಗಿ ಹಿಂದಿನವರನ್ನೂ ದತ್ತಣ್ಣನವರನ್ನೂ ಪ್ರಶಸ್ತಿಪಟ್ಟಿಯ ತಕ್ಕಡಿಯಲ್ಲಿ ಇಟ್ಟು ತೂಗುವುದು ಸಲ್ಲದು.

ಕಾಲ್‌ಶೀಟ್:

ಧ್ವನಿಯ ಬಗ್ಗೆ ತಾಂತ್ರಿಕವಾಗಿ ಒಂದು ಮಾತು. ಡಬ್ಬಿಂಗ್ ಕೋಣೆಯಲ್ಲಿ ನಿಂತು ನೋಡಿದವರಿಗೆ ತಿಳಿದಿರುತ್ತದೆ, ತುಟಿಚಲನೆಗೆ ಮಾತನ್ನು ಹೊಂದಿಸುವ ಅವಸರದಲ್ಲಿ ಮೊದಲು ಸಾಯುವುದು ವಾಕ್ಯದ ಕೊನೆ. ಕ್ರಿಯಾಪದ ಬರುವ ಹೊತ್ತಿಗೆ ಉಸಿರು ಮುಗಿದಿರುತ್ತದೆ. ಕನ್ನಡದಲ್ಲಿ ಕ್ರಿಯಾಪದ ಕೊನೆಗೇ ಬರುವುದರಿಂದ ಅಲ್ಲಿ ಉಸಿರು ಬಿಟ್ಟರೆ ಅರ್ಥವೇ ನುಣುಚಿಕೊಳ್ಳುತ್ತದೆ. ವಾಕ್ಯದ ಕೊನೆಯನ್ನು ಪೂರ್ತಿಯಾಗಿ ಮುಗಿಸುವುದನ್ನು ತುಳಸಿಕಟ್ಟೆಯವರು ವರ್ಗದ ಲಕ್ಷಣ ಎಂದಿದ್ದಾರೆ. ನನಗೆ ಅದು ರಂಗಭೂಮಿಯ ತಾಲೀಮಿನ ಲಕ್ಷಣವಾಗಿ ಕೇಳಿಸುತ್ತದೆ. ಹಿಂದಿನ ಸಾಲಿನವನಿಗೂ ‘ಬರಲಿಲ್ಲ’ ಎಂಬುದರ ‘ಇಲ್ಲ’ ಕೇಳಿಸಬೇಕು ಎಂದು ಕಲಿತವರ ಬಾಯಿ ಅದು.

ಇನ್ನೊಂದು ಉದಾಹರಣೆ 2019ರ ಹಿಂದಿ ಚಿತ್ರ ‘ಮಿಷನ್ ಮಂಗಲ್’. ಅಕ್ಷಯ್ ಕುಮಾರ್, ವಿದ್ಯಾ ಬಾಲನ್ ಅವರಂತಹ ತಾರೆಯರು ತುಂಬಿರುವ, ಮಂಗಳಯಾನದ ವಿಜ್ಞಾನಿಗಳ ಕುರಿತ ಚಿತ್ರದಲ್ಲಿ ದತ್ತಣ್ಣ ನಿವೃತ್ತಿಯ ಅಂಚಿನ ಹಿರಿಯ ತಂತ್ರಜ್ಞ. ಆಗ ಅವರಿಗೆ 77 ವರ್ಷ. ಪಾತ್ರಕ್ಕೆ ಬರೆದುಕೊಟ್ಟದ್ದು ಹೆಚ್ಚೇನೂ ಇಲ್ಲ. ಆದರೆ ಆ ಗುಂಪಿನಲ್ಲಿ ಎಂಜಿನಿಯರನಂತೆ ನಟಿಸಬೇಕಾದ ಅಗತ್ಯವೇ ಇಲ್ಲದಿದ್ದವರು ಅವರೊಬ್ಬರು. ಯಂತ್ರದ ಮುಂದೆ ನಿಂತಾಗ ಅದನ್ನು ಬೆರಗಿನಿಂದ ನೋಡುವುದಿಲ್ಲ. ನೌಕರಿಯ ಜಾಗವನ್ನು ನೋಡುವ ಹಾಗೆ ನೋಡುತ್ತಾರೆ.

ತುಳಸಿಕಟ್ಟೆ:

ವಾಕ್ಯದ ಕೊನೆಯ ಬಗ್ಗೆ ಕಾಲ್‌ಶೀಟ್ ಅವರು ಹೇಳಿದ್ದನ್ನು ಒಪ್ಪಿದೆ. ಅದನ್ನು ನಾನು ತಪ್ಪಾಗಿ ಓದಿದ್ದೆ. ಜೀತಗಾರನ ಪಾತ್ರದ ಬಗೆಗಿನ ಸಂದೇಹವನ್ನು ಹಾಗೆಯೇ ಉಳಿಸಿಕೊಳ್ಳುತ್ತೇನೆ. ಅಂತಹ ಪಾತ್ರವನ್ನು ಯಾರಾದರೂ ಅವರಿಗೆ ಬರೆದಿದ್ದರೆ ನನ್ನ ಬಾಯಿ ಮುಚ್ಚುತ್ತಿತ್ತೋ ಏನೋ. ಬರೆಯದೆ ಹೋದ ತಪ್ಪು ನಟರದ್ದಲ್ಲ.

ಕೋಟೆಬೀದಿ:

ಅಲ್ಲಿಗೆ ನಾವು ಸರಿಯಾದ ಜಾಗಕ್ಕೆ ಬಂದೆವು ಎನಿಸುತ್ತದೆ. ನಾಯಕನಟರಿಗಾಗಿ ಕಥೆ ಬರೆಸುತ್ತಾರೆ. ಪೋಷಕ ನಟರಿಗೆ ಬರೆದ ಕಥೆಯಲ್ಲಿ ಉಳಿದ ಜಾಗ ಕೊಡುತ್ತಾರೆ. ಒಬ್ಬ ಪೋಷಕ ನಟನನ್ನು ನಡುವೆ ನಿಲ್ಲಿಸಿ ಚಿತ್ರ ಕಟ್ಟುವ ಧೈರ್ಯ ನಮ್ಮಲ್ಲಿ ವಿರಳ, ‘ಭಾರತ್ ಸ್ಟೋರ್ಸ್’ ಆ ವಿರಳಗಳಲ್ಲಿ ಒಂದು. ವಿದೇಶದಿಂದ ಬರುವ ಮಗಳೊಬ್ಬಳು ತಂದೆಯ ಹಳೆಯ ಸಾಲ ತೀರಿಸಲು ಅಂಗಡಿಯನ್ನು ಹುಡುಕಿಕೊಂಡು ಹೋಗುತ್ತಾಳೆ. ಸುಧಾರಾಣಿಯವರ ಪಾತ್ರ ಅದು. ಅಂಗಡಿಯಿದ್ದ ಜಾಗದಲ್ಲಿ ಅಂಗಡಿ ಇರುವುದಿಲ್ಲ. ದೊಡ್ಡ ಮಳಿಗೆಗಳ ಎದುರು ಚಿಲ್ಲರೆ ವ್ಯಾಪಾರ ಹೇಗೆ ಕರಗಿತು ಎಂಬುದನ್ನು ಗೋವಿಂದ ಶೆಟ್ಟರ ಬದುಕಿನ ಮೂಲಕ ಬಿಡಿಸಿಡುವ ಕಥೆಯಲ್ಲಿ, ಅಂಗಡಿಯೂ ದತ್ತಣ್ಣನವರ ದೇಹವೂ ಒಟ್ಟೊಟ್ಟಿಗೆ ಬಡವಾಗುತ್ತಾ ಹೋಗುತ್ತವೆ.

ಇದುವರೆಗೆ ನೋಡದವರು ಕೇಳಿದರೆ ನಾನು ಹೇಳುವ ಕ್ರಮ ಹೀಗಿದೆ: ಮೊದಲು ‘ಮುನ್ನುಡಿ’, ಆಮೇಲೆ ‘ಮೌನಿ’, ಅದಾದ ಮೇಲೆ ‘ಭಾರತ್ ಸ್ಟೋರ್ಸ್’. ‘ನೀರ್ ದೋಸೆ’ಯನ್ನು ಕೊನೆಗೆ ಇಟ್ಟುಕೊಳ್ಳಿ, ಮತ್ತು ಮನೆಯ ಹಿರಿಯರ ಜೊತೆ ಕುಳಿತು ನೋಡುವ ಸಾಹಸ ಮಾಡಬೇಡಿ.

ಹಿಂದಿನ ಸಾಲು:

ಆ ಸಾಹಸವನ್ನು ನಾನು ಕಳೆದ ವಾರವೇ ಮಾಡಿ ಮುಗಿಸಿದ್ದೇನೆ. ನಮ್ಮ ತಂದೆ ಅರ್ಧದಲ್ಲಿ ಎದ್ದು ಹೋದರು. ಹೋಗುವಾಗ ಬಾಗಿಲಲ್ಲಿ ನಿಂತು, ‘ಮಾಯಾಮೃಗದಲ್ಲಿ ಇದ್ದರಲ್ಲ, ಅವರೇ ಅಲ್ಲವೇ ಇವರು?’ ಎಂದು ಕೇಳಿ, ನಾನು ಹೌದು ಎಂದ ಮೇಲೆ ಮತ್ತೆ ಬಂದು ಕುಳಿತರು.